ಬೆಳಕಿಗೆ ಹಿಡಿದ ಬಿಲ್ಲೆ

ಅವತ್ತು ಅಕ್ಕ ಉಟ್ಟಿದ್ದ ಸೀರೆ ಎಲೆಹಸಿರು ಎಂದು ಒಮ್ಮೆ ಬರೆದಿದ್ದೇನೆ, ನವಿಲುಬಣ್ಣದ್ದು ಎಂದು ಇನ್ನೊಮ್ಮೆ. ಎರಡನ್ನೂ ಬರೆಯುವಾಗ ನನಗೆ ಒಂದಿಷ್ಟೂ ಅನುಮಾನವಿರಲಿಲ್ಲ. ಅದಕ್ಕೇ ಈಗ ಯಾವುದನ್ನೂ ನಂಬುವುದು ಕಷ್ಟವಾಗಿದೆ. ಕಾರು ಗುದ್ದಿದ್ದು ಗೋಡೆಗೋ ಗೋಡೆಯ ಪಕ್ಕದ ನಲ್ಲಿಕಟ್ಟೆಗೋ, ಅವಳನ್ನು ನೋಡಲು ಬಂದಿದ್ದ ಹುಡುಗನ ತಾಯಿಗೆ ಪೆಟ್ಟಾಗಿದ್ದು ಹಣೆಗೋ ಹುಬ್ಬಿಗೋ, ಅಪ್ಪ ಆ ಮಾತು ಹೇಳಿದಾಗ ಹೊಸ್ತಿಲ ಮೇಲೆ ನಿಂತಿದ್ದರೋ ಬೀದಿಗೆ ಇಳಿದಿದ್ದರೋ, ಎಲ್ಲ ಒಂದೊಂದು ಸಲ ಒಂದೊಂದು ಥರ ಕಾಣುತ್ತದೆ. ನಾನಾಗ ಪ್ರೈಮರಿ ಶಾಲೆಯಲ್ಲಿದ್ದೆ. ಆಮೇಲೆ ಯೂನಿವರ್ಸಿಟಿಗೆ ಹೋಗಿ ಚರಿತ್ರೆ ಓದಿದೆ, ಒಂದೇ ಸಾಕ್ಷಿಯ ಮಾತನ್ನು ಒಪ್ಪಬಾರದು ಎಂದು ಕಲಿತೆ. ಆದರೆ ಹಲಸೂರಿನ ಆ ಮನೆಯ ಬಗ್ಗೆ ಬಾಯಿ ಬಿಡುವ ಸಾಕ್ಷಿಯಾಗಿ ಈಗ ಉಳಿದಿರುವವಳು ನಾನೊಬ್ಬಳೇ. ಇನ್ನೊಬ್ಬಳು ಅಕ್ಕ, ಬಾಣಸವಾಡಿಯಲ್ಲಿದ್ದಾಳೆ. ಅವಳು ಈ ವಿಷಯಕ್ಕೆ ಬಂದರೆ ಮಾತಾಡುವುದಿಲ್ಲ.

ಇದೆಲ್ಲ ಮತ್ತೆ ಮೇಲೆದ್ದದ್ದು ನನ್ನ ಕಾರಿನಿಂದ. ಕೆಲವು ವಾರಗಳಿಂದ ಸಿಗ್ನಲ್ಲಿನಲ್ಲಿ ನಿಂತಾಗಲೆಲ್ಲ ಅದು ಚಳಿಜ್ವರ ಬಂದವರ ಹಾಗೆ ನಡುಗುತ್ತಿತ್ತು. ಟಿನ್ ಫ್ಯಾಕ್ಟರಿಯ ಹತ್ತಿರ ಒಂದು ಸಂಜೆ ಪೂರ್ತಿ ನಿಂತೇಹೋಯಿತು. ಹಿಂದಿನಿಂದ ಹಾರ್ನು, ಬೈಗುಳ, ಬಸ್ಸಿನ ಕಂಡಕ್ಟರೊಬ್ಬ ಕಿಟಕಿಯಿಂದ ತಲೆ ಹಾಕಿ ‘ಏನ್ ಮೇಡಂ, ಮನೆ ಮಾಡ್ಕೊಂಡ್ರಾ ಇಲ್ಲೇ’ ಎಂದ. ಈ ವಯಸ್ಸಿನಲ್ಲಿ ಅಂಥ ಮಾತಿಗೆ ಸಿಟ್ಟು ಬರುವುದಿಲ್ಲ, ಸುಸ್ತಾಗುತ್ತದೆ. ಮಾರನೆಯ ದಿನ ಇಂದಿರಾನಗರದ ಗ್ಯಾರೇಜೊಂದಕ್ಕೆ ಬಿಟ್ಟೆ. ಅಲ್ಲಿದ್ದ ಮೆಕ್ಯಾನಿಕ್ ತನ್ನ ಫೋನಿನಲ್ಲಿ ಒಂದು ಚಿತ್ರ ತೋರಿಸಿದ.

“ನೋಡಿ ಮೇಡಂ, ಥ್ರಾಟಲ್ ಬಾಡಿ. ಫುಲ್ ಕಾರ್ಬನ್ ಹಿಡಿದಿದೆ. ಗಾಳಿ ಹೋಗಕ್ಕೆ ಸಂದೇ ಇಲ್ಲ, ಅದಕ್ಕೇ ಆಫ್ ಆಗ್ತಿರೋದು.”

ಒಂದು ಕೊಳವೆ, ಅದರ ಬಾಯಿಗೆ ಅಡ್ಡಲಾಗಿ ಒಂದು ಬಿಲ್ಲೆ, ಬಿಲ್ಲೆಯ ಅಂಚಿನ ಸುತ್ತ ಕಾಡಿಗೆ ತೀಡಿದಂತೆ ಕಪ್ಪು. ನನಗೆ ಯಾರೂ ಪರಿಚಯ ಮಾಡಿಕೊಡಬೇಕಾಗಿರಲಿಲ್ಲ. ಎಷ್ಟೋ ವರ್ಷದ ಮೇಲೆ ಮದುವೆಮನೆಯಲ್ಲಿ ಸಿಕ್ಕ ನೆಂಟರನ್ನು ಗುರುತು ಹಿಡಿದ ಹಾಗಾಯಿತು. ಈಗಿನ ಕಾರಿನಲ್ಲಿ ಆ ಬಿಲ್ಲೆಯನ್ನು ಎಳೆಯಲು ಕೇಬಲ್ ಇಲ್ಲವಂತೆ. ನಾವು ಪೆಡಲ್ ಒತ್ತಿದರೆ ಒಂದು ಪುಟ್ಟ ಮೋಟಾರು ಅದನ್ನು ತಿರುಗಿಸುತ್ತದೆ, ಎಷ್ಟು ತಿರುಗಿಸಬೇಕೆಂದು ಕಂಪ್ಯೂಟರು ಹೇಳುತ್ತದೆ. ಬೆರಳಿನಿಂದ ಬಲವಂತವಾಗಿ ತಳ್ಳಿದರೆ ಒಳಗಿನ ಹಲ್ಲುಚಕ್ರ ಹೋಗುತ್ತದಂತೆ. ಅವನು ಕ್ಲೀನರ್ ಸಿಂಪಡಿಸಿ ಮೆತ್ತನೆ ಬಟ್ಟೆಯಲ್ಲಿ ಒರೆಸಿದ. ಆಮೇಲೆ ಎಂಜಿನ್ ಶುರು ಮಾಡಿದರೆ ಅದು ಜೋರಾಗಿ ಓಡತೊಡಗಿತು. ನಾನು ಬೆಚ್ಚಿಬಿದ್ದೆ.

“ಏನಿಲ್ಲ ಮೇಡಂ, ಗಾಬರಿ ಬೇಡಿ. ಇಷ್ಟು ದಿನ ಕೊಳೆ ಇದೆ ಅಂತ ಲೆಕ್ಕ ಹಾಕ್ಕೊಂಡು ಕಂಪ್ಯೂಟರು ಬಿಲ್ಲೇನ ಸ್ವಲ್ಪ ಜಾಸ್ತಿನೇ ತೆಗೀತಿತ್ತು. ಈಗ ಕೊಳೆ ಹೋಗಿದೆ, ಅದಕ್ಕೆ ಗೊತ್ತಿಲ್ಲ. ಮತ್ತೆ ಕಲಿಸ್ಬೇಕು, ಅಷ್ಟೇ.”

ಅವನು ಬಿಲ್ಲೆ ಎಂದೇ ಅಂದನೋ, ಪ್ಲೇಟ್ ಎಂದನೋ. ನಾನು ಕೇಳಿಸಿಕೊಂಡದ್ದು ಬಿಲ್ಲೆ ಎಂದು. ನಮ್ಮ ಮನೆಯಲ್ಲಿ ಅದಕ್ಕಿದ್ದ ಹೆಸರು ಅದೇ.

ಹಲಸೂರಿನಲ್ಲಿ ನಾವಿದ್ದದ್ದು ಕೆರೆಯ ಹಿಂದಿನ ಗಲ್ಲಿಯಲ್ಲಿ, ರೈಲಿನ ಬೋಗಿಯಂತೆ ಒಂದರ ಹಿಂದೊಂದು ಕೋಣೆಗಳಿದ್ದ ಬಾಡಿಗೆ ಮನೆ. ಮುಂದಿನ ಕೋಣೆ ಅಪ್ಪನದು. ಅಲ್ಲಿ ಬೀದಿಗೆ ತೆರೆಯುವ ಒಂದು ಕಿಟಕಿ, ಕಿಟಕಿಯ ಕೆಳಗೆ ಮಣೆ, ಮಣೆಯ ಪಕ್ಕ ಪೆಟ್ರೋಲು ತುಂಬಿದ ಅಗಲವಾದ ತಟ್ಟೆ. ಅದರಾಚೆ ಒಂದು ಪರದೆ. ಪರದೆಯ ಹಿಂದೆ ನಡುಮನೆ, ಅಜ್ಜಿಯ ಹಾಸಿಗೆ, ದೇವರ ಗೂಡು. ಆಮೇಲೆ ಅಡುಗೆಮನೆ, ಕೊನೆಗೆ ಬಚ್ಚಲು. ಮನೆಯ ಪಕ್ಕದಲ್ಲಿ ಒಬ್ಬರು ಮಾತ್ರ ಹೋಗಬಹುದಾದಷ್ಟು ಅಗಲದ ಸಂದಿಯಿತ್ತು, ಅದು ಬೀದಿಯಿಂದ ಬಚ್ಚಲ ಹೊರಬಾಗಿಲಿಗೆ ಹೋಗುತ್ತಿತ್ತು. ಅಪ್ಪ ಕಾರುಗಳ ಕಾರ್ಬೊರೇಟರ್ ರಿಪೇರಿ ಮಾಡುತ್ತಿದ್ದರು. ಶಿವಾಜಿನಗರದಲ್ಲಿ ಗ್ಯಾರೇಜು ಇಟ್ಟಿದ್ದ ಬಷೀರ್ ಸಾಹೇಬರು ಅವನ್ನು ಕಾರಿನಿಂದ ಬಿಚ್ಚಿಸಿ, ರಸಲ್ ಮಾರ್ಕೆಟ್ಟಿನ ತರಕಾರಿ ಚೀಲದಲ್ಲೇ ಹಾಕಿಕೊಂಡು ತಂದು ಕೊಡುತ್ತಿದ್ದರು. ಮಣೆಯ ಮೇಲೆ ಸುರಿದಾಗ ಒಂದೊಂದು ಸಲ ಕೊತ್ತಂಬರಿ ಎಸಳೂ ಬೀಳುತ್ತಿತ್ತು. ನಮ್ಮ ಮನೆಯ ಎಲ್ಲದಕ್ಕೂ ಪೆಟ್ರೋಲಿನ ವಾಸನೆಯಿತ್ತು: ಹೊದಿಕೆಗೆ, ನನ್ನ ಪಾಠದ ಪುಸ್ತಕಕ್ಕೆ, ಸಾರಿಗೆ. ಶಾಲೆಯಲ್ಲಿ ನನ್ನ ಪಕ್ಕ ಕೂರುತ್ತಿದ್ದ ಹುಡುಗಿಗೆ ಆ ವಾಸನೆ ಇಷ್ಟವಾಗಿತ್ತು ಎಂಬುದಷ್ಟೇ ಸಮಾಧಾನ.

ಆ ತಟ್ಟೆಯೇ ನಮ್ಮ ಊಟದ ಹೊತ್ತನ್ನು ತೀರ್ಮಾನಿಸುತ್ತಿತ್ತು. ಮುಂದಿನ ಕೋಣೆಯಲ್ಲಿ ತಟ್ಟೆ ತೆರೆದಿರುವಷ್ಟು ಹೊತ್ತು ಅಡುಗೆಮನೆಯಲ್ಲಿ ಕಡ್ಡಿ ಗೀರುವಂತಿಲ್ಲ. ಅಮ್ಮ ಅಕ್ಕಿ ತೊಳೆದಿಟ್ಟು, ಬೇಳೆ ನೆನೆಸಿಟ್ಟು, ಬೆಂಕಿಪೊಟ್ಟಣ ಕೈಯಲ್ಲಿ ಹಿಡಿದುಕೊಂಡೇ ಕೂಗುತ್ತಿದ್ದಳು.

“ತಟ್ಟೆ ಮುಚ್ಚಿತೇನ್ರೀ?”

“ಇನ್ನೊಂಚೂರು.”

“ನಿಮ್ಮ ಒಂಚೂರಲ್ಲಿ ಮಗು ಶಾಲೆಗೆ ಹೋಗಿ ಬಂದ್ಬಿಡ್ತಾಳೆ.”

ತಟ್ಟೆಗೆ ತಗಡು ಮುಚ್ಚಿ, ಕಿಟಕಿ ಬಾಗಿಲು ತೆರೆದು, ವಾಸನೆ ಹೋಗಲಿ ಎಂದು ಕಾದು, ಆಮೇಲೆ ಒಲೆ. ಬೇರೆಯವರ ಮನೆಯಲ್ಲಿ ಒಗ್ಗರಣೆಯ ಸದ್ದು ಏಳುವಾಗ ನಮ್ಮಲ್ಲಿ ಇನ್ನೂ ಬಟ್ಟೆಯ ಮೇಲೆ ಸ್ಕ್ರೂಗಳು ಒಣಗುತ್ತಿರುತ್ತಿದ್ದವು.

ಅಪ್ಪ ಹೆಚ್ಚು ಮಾತಿನವರಲ್ಲ. ಎಂಜಿನ್ನಿನ ವಿಷಯಕ್ಕೆ ಬಂದರೆ ಮಾತ್ರ ಅವರಿಗೆ ಹುರುಪು. ‘ಆಕ್ಸಿಲರೇಟರ್ ಒತ್ತಿದ್ರೆ ಪೆಟ್ರೋಲ್ ಹೋಗುತ್ತೆ ಅಂದ್ಕೊಂಡಿದಾರೆ ಎಲ್ರೂ. ಹೋಗೋದು ಗಾಳಿ ಕಣಮ್ಮ’ ಎನ್ನುತ್ತಿದ್ದರು. ಎಂಜಿನ್ನು ಉಸಿರೆಳೆಯುತ್ತದೆ. ಉಸಿರು ಬರುವ ಕಾರ್ಬೊರೇಟರಿನ ಕೊಳವೆಯ ನಡುವೆ, ಒಂದು ಕಡ್ಡಿಯ ಮೇಲೆ, ಈ ಹಿತ್ತಾಳೆಯ ಬಿಲ್ಲೆ. ಕಾಲು ಒತ್ತಿದರೆ ಕಡ್ಡಿ ತಿರುಗಿ ಬಿಲ್ಲೆ ತೆರೆದುಕೊಳ್ಳುತ್ತದೆ, ಗಾಳಿ ನುಗ್ಗುತ್ತದೆ, ನುಗ್ಗುವ ಗಾಳಿ ದಾರಿಯಲ್ಲಿ ಪೆಟ್ರೋಲನ್ನು ತಾನೇ ಎಳೆದುಕೊಂಡು ಹೋಗುತ್ತದೆ. ಕಾಲು ತೆಗೆದರೆ ಸ್ಪ್ರಿಂಗು ಬಿಲ್ಲೆಯನ್ನು ಮುಚ್ಚುತ್ತದೆ. ಆದರೆ ಪೂರ್ತಿ ಉಸಿರುಕಟ್ಟಬಾರದು. ಕಾರು ನಿಂತಲ್ಲೇ ಗುಟುರು ಹಾಕುತ್ತಿರಬೇಕಾದರೆ ಒಂದಿಷ್ಟು ಸಂದು ಬೇಕು. ಆ ಸಂದಿಗೇ ಮಸಿ ಹಿಡಿಯುವುದು. ಬ್ಲೇಡಿನಿಂದ ಕೆರೆದರೆ ಹಿತ್ತಾಳೆಯ ಅಂಚು ಹಾಳಾಗಿ ಗಾಳಿ ಕದ್ದು ಒಳಬರುತ್ತದೆ, ಆದ್ದರಿಂದ ಪೆಟ್ರೋಲಿನಲ್ಲಿ ನೆನೆಹಾಕಿ ಹಳೆಯ ಹಲ್ಲುಜ್ಜುವ ಬ್ರಷ್ಷಿನಲ್ಲಿ ತಿಕ್ಕಬೇಕು. ಕಡ್ಡಿಗೆ ಎಣ್ಣೆ ಬಿಟ್ಟರೂ ಒರೆಸಿಬಿಡಬೇಕು, ಇಲ್ಲದಿದ್ದರೆ ಅದೇ ಧೂಳನ್ನು ಕರೆಯುತ್ತದೆ. ನಮಗೆ ಹಲ್ಲುಜ್ಜಲು ಹೊಸ ಬ್ರಷ್ಷು ಸಿಗುತ್ತಿದ್ದದ್ದು ಅಪ್ಪನ ಬ್ರಷ್ಷು ಸವೆದಾಗ.

ಕಡ್ಡಿ ಸಿಕ್ಕಿಕೊಂಡಿದ್ದರೆ ಬಿಲ್ಲೆಯನ್ನೇ ಬಿಚ್ಚಬೇಕಾಗುತ್ತಿತ್ತು. ಮತ್ತೆ ಕೂರಿಸುವುದೇ ನಾಜೂಕಿನ ಕೆಲಸ. ಎರಡು ಪುಟ್ಟ ಸ್ಕ್ರೂಗಳನ್ನು ಸಡಿಲವಾಗಿ ಹಾಕಿ, ಬಿಲ್ಲೆಯನ್ನು ಮುಚ್ಚಿ, ಕೊಳವೆಯನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಬೇಕು. ಅಂಚಿನ ಸುತ್ತ ಕೂದಲೆಳೆಯಷ್ಟು ಬೆಳಕು ಒಂದೇ ಸಮ ಕಂಡರೆ ಬಿಲ್ಲೆ ನಡುವಿಗೆ ಕೂತಿದೆ ಎಂದು ಅರ್ಥ. ಒಂದೇ ಕಡೆ ಕಂಡರೆ ಸರಿಯಿಲ್ಲ. ಸರಿಯಾದ ಮೇಲೆ ಸ್ಕ್ರೂ ಬಿಗಿದು, ಅವು ಮತ್ತೆ ಸಡಿಲವಾಗದಂತೆ ಅವುಗಳ ಬಾಲವನ್ನು ಚಿಕ್ಕ ಸುತ್ತಿಗೆಯಿಂದ ಜಜ್ಜಿಬಿಡಬೇಕು. ನಮ್ಮ ಮನೆಯಲ್ಲಿ ಬೆಳಕು ನೋಡುವುದು ಒಂದು ಶಾಸ್ತ್ರವಾಗಿತ್ತು. ಅಪ್ಪ ಕಿಟಕಿಗೆ ಕೊಳವೆ ಹಿಡಿದು ‘ಬನ್ನಿ’ ಎನ್ನುತ್ತಿದ್ದರು. ಮಂಗಳಾರತಿಗೆ ಬರುವಂತೆ ಎಲ್ಲರೂ ಬರಬೇಕು. ಅಮ್ಮ ಸೆರಗಿಗೆ ಕೈ ಒರೆಸಿಕೊಂಡು ಬಗ್ಗುತ್ತಿದ್ದಳು, ಅಕ್ಕ ಪರದೆ ಸರಿಸಿ ಬರುತ್ತಿದ್ದಳು, ನಾನು ಒಂದು ಕಣ್ಣು ಮುಚ್ಚಿ ನೋಡುತ್ತಿದ್ದೆ. ಅಜ್ಜಿಗೆ ಪೊರೆ ಬಂದಿದ್ದರೂ ಬಿಡುತ್ತಿರಲಿಲ್ಲ.

“ಚೌತಿ ಚಂದ್ರ ಕಾಣ್ತಾನೆ ಕಣೋ. ಸರಿ ಮಾಡು, ಅಪವಾದ ಬಂದೀತು.”

“ಅಮ್ಮ, ನೀನು ನೋಡ್ತಿರೋದು ನನ್ನ ಉಗುರು.”

“ಉಗುರೋ ಚಂದ್ರನೋ, ಸರಿ ಮಾಡು.”

ನಾವೆಲ್ಲ ನಗುತ್ತಿದ್ದೆವು. ಮನೆಯ ಅನ್ನ ಇದರಿಂದ ಬರುತ್ತದೆ, ಮನೆಯವರೆಲ್ಲ ನೋಡಿಯೇ ಕಳಿಸಬೇಕು ಎಂದು ಅಪ್ಪ ಹೇಳುತ್ತಿದ್ದರು. ನಾನು ಅದನ್ನು ನಂಬಿದ್ದೆ. ಅಪ್ಪನಿಗೆ ಆ ಬೆಳಕು ಕಾಣುತ್ತಿರಲಿಲ್ಲ ಎಂಬುದು, ತಮಗೆ ಕಾಣದ್ದನ್ನು ನಮ್ಮೆಲ್ಲರ ಕಣ್ಣಿಂದ ನೋಡಿಸುವುದಕ್ಕೆ ಅವರು ಹೂಡಿದ ಉಪಾಯವೇ ಆ ಶಾಸ್ತ್ರ ಎಂಬುದು ನನಗೆ ಹೊಳೆಯಲೇ ಇಲ್ಲ. ಪೇಪರು ಕೊಟ್ಟು ‘ಎಲ್ಲಿ, ನಿನ್ನ ಓದು ನೋಡೋಣ’ ಎಂದಾಗಲೂ ಹೊಳೆಯಲಿಲ್ಲ. ಕಣ್ಣಿನ ನರ ಒಣಗುತ್ತಿದೆ ಎಂದು ಡಾಕ್ಟರು ಹೇಳಿದ್ದು ಅಮ್ಮನಿಗೂ ಅಕ್ಕನಿಗೂ ಮಾತ್ರ ಗೊತ್ತಿತ್ತು. ಗಲ್ಲಿಗೆ ತಿಳಿದರೆ ಕೆಲಸ ಬರುವುದಿಲ್ಲ. ಆದ್ದರಿಂದ ಕೆಲಸವೆಲ್ಲ ಪರದೆಯ ಹಿಂದಕ್ಕೆ ಹೋಗಿತ್ತು. ಅಪ್ಪ ಮಣೆಯ ಮೇಲೆ ಕೂತು ಬಂದವರೊಂದಿಗೆ ಮಾತಾಡುತ್ತಿದ್ದರು, ಸಾಮಾನು ಒಳಗೆ ಕೊಡುತ್ತಿದ್ದರು. ತಿಕ್ಕುವುದು, ಜೋಡಿಸುವುದು, ಬಿಲ್ಲೆ ಕೂರಿಸುವುದು ನಳಿನಿ ಅಕ್ಕ. ಕೊನೆಗೆ ಸ್ಕ್ರೂ ಬಿಗಿದು ಬಾಲ ಜಜ್ಜುವುದು ಮಾತ್ರ ಅಪ್ಪ. ಅದಕ್ಕೆ ಕಣ್ಣು ಬೇಕಿಲ್ಲ, ಬೆರಳು ಸಾಕು ಎನ್ನುತ್ತಿದ್ದರು. ಬೀದಿಗೆ ಕೇಳಬೇಕಾದದ್ದು ಆ ಸುತ್ತಿಗೆಯ ಸದ್ದು.

ಅಕ್ಕನಿಗೆ ಆಗ ಇಪ್ಪತ್ತರ ಆಸುಪಾಸು. ಅವಳ ಮದುವೆಯ ಮಾತಿಗೇ ಅಪ್ಪ ಅಮ್ಮನಿಗೆ ಜಗಳ. ಆ ಜಗಳವೂ ಪರದೆಯ ಈಚೆ ಆಚೆಯೇ. ಕಿವಿಗೆ ಬಿದ್ದರೂ ಅದರ ಅರ್ಥ ನನಗೆ ಆದದ್ದು ಆಮೇಲೆ.

“ನಿಮ್ಮ ಕಣ್ಣಿಗೆ ಅವಳನ್ನ ಕಟ್ಟಾಕ್ಕೊಂಡಿದೀರಿ.”

“ಅವಳು ಹೋದ್ರೆ ಮನೆ ನಡೆಯೋದು ಹೇಗೆ ಹೇಳು.”

“ಹೇಗೋ ನಡೆಯುತ್ತೆ. ಹೆಣ್ಣುಮಗೂನ ಗಾಣಕ್ಕೆ ಕಟ್ಟಕ್ಕಾಗಲ್ಲ. ಆ ಉಗುರು ನೋಡಿ, ಯಾರು ಒಪ್ತಾರೆ?”

ಬ್ರಷ್ಷಿನ ಸದ್ದು ಒಂದು ಗಳಿಗೆ ನಿಲ್ಲುತ್ತಿತ್ತು, ಮತ್ತೆ ಶುರುವಾಗುತ್ತಿತ್ತು. ನಿನಗೇನು ಬೇಕು ಎಂದು ಇಬ್ಬರಲ್ಲಿ ಒಬ್ಬರೂ ಅವಳನ್ನು ಕೇಳಿದ್ದು ನನಗೆ ನೆನಪಿಲ್ಲ. ಆ ಕೆಲಸ ಅವಳಿಗೆ ಇಷ್ಟವಿತ್ತೇ, ಹೊರೆಯಾಗಿತ್ತೇ? ಸ್ವಚ್ಛವಾದ ಬಿಲ್ಲೆಯನ್ನು ಅಂಗೈಯಲ್ಲಿಟ್ಟುಕೊಂಡು ಅವಳು ಮುಖ ನೋಡಿಕೊಳ್ಳುತ್ತಿದ್ದ ಒಂದು ಚಿತ್ರ ನನ್ನಲ್ಲಿದೆ. ಹಿತ್ತಾಳೆಯಲ್ಲಿ ಮುಖ ಕಂಡೀತೇ? ಅದೂ ನಾನೇ ಕಟ್ಟಿಕೊಂಡದ್ದಿರಬಹುದು.

ಸಂಬಂಧ ಕಾರಿನ ದಾರಿಯಲ್ಲೇ ಬಂತು. ಕೆ.ಆರ್.ಪುರದ ಗೋಪಾಲಪ್ಪನವರು ಬಷೀರ್ ಸಾಹೇಬರ ಹಳೆಯ ಗಿರಾಕಿ. ಅಪ್ಪನ ಕೈಗುಣವನ್ನು ಹೊಗಳುತ್ತ, ಪರದೆಯ ಕಡೆಗೂ ಒಂದು ಕಣ್ಣಿಟ್ಟಿದ್ದರೆಂದು ಕಾಣುತ್ತದೆ. ತಮ್ಮ ತಂಗಿಯ ಮಗನಿಗೆ ಕೇಳಿಕಳಿಸಿದರು. ಹೆಣ್ಣು ನೋಡುವ ದಿನ ಅಮ್ಮ ಅಕ್ಕನ ಕೈಗೆ ಹುಣಸೆಹಣ್ಣು ತಿಕ್ಕಿದಳು, ನಿಂಬೆಹಣ್ಣು ತಿಕ್ಕಿದಳು, ಕಡಲೆಹಿಟ್ಟು ಹಚ್ಚಿದಳು. ಪೆಟ್ರೋಲಿನ ತಟ್ಟೆಯನ್ನು ಬಚ್ಚಲಿಗೆ ಸಾಗಿಸಿ ಮುಂದಿನ ಕೋಣೆಯಲ್ಲಿ ಊದುಬತ್ತಿ ಹಚ್ಚಿದಳು. ಕೇಸರಿಬಾತು ತಯಾರಾಯಿತು. ಬೀದಿಯಲ್ಲಿ ಕಾರು ಬಂದು ನಿಂತ ಸದ್ದಿಗೆ, ಹೂ ಮುಡಿಸಿಕೊಳ್ಳುತ್ತಿದ್ದ ಅಕ್ಕ ತಲೆಯೆತ್ತಿದಳು.

“ದನಿ ಏರಿಳೀತಿದೆ. ಬಿಲ್ಲೆ ಹಿಡ್ಕೊಂಡಿದೆ.”

ಅಮ್ಮ ತಲೆಗೊಂದು ಮೊಟಕಿದಳು. “ಇವತ್ತೊಂದಿನ ಕಿವಿ ಮುಚ್ಕೊಂಡಿರು ತಾಯಿ.”

ಗೋಪಾಲಪ್ಪನವರು ಒಳಗೆ ಬಂದವರೇ ನಕ್ಕರು. ಅವರ ಹಿಂದೆ ಅವರ ತಂಗಿ, ತಂಗಿಯ ಮಗ.

“ನೀವು ಹುಡುಗೀನ ತೋರಿಸಿ, ನಾವು ಕಾರ್ ತೋರಿಸ್ತೀವಿ ಯಜಮಾನ್ರೇ! ಪೆಡಲ್ ಒತ್ತಿದ್ರೆ ವಾಪಸ್ ಬರಲ್ಲ ರೀ, ದಾರೀಲಿ ಎದೆ ಝಲ್ ಅಂತು. ರಾಹುಕಾಲಕ್ಕೆ ಮುಂಚೆ ಹೊರಡ್ಬೇಕು. ಅಷ್ಟರಲ್ಲಿ ಒಂಚೂರು ನೋಡ್ಬಿಡಿ.”

ಬೇರೆ ದಿನವಾಗಿದ್ದರೆ ಅಪ್ಪ ನಾಳೆ ಬನ್ನಿ ಎನ್ನುತ್ತಿದ್ದರು. ಹೆಣ್ಣು ಕೊಡುವ ಮನೆಯವರು ಅವತ್ತು ಯಾವುದಕ್ಕೂ ಇಲ್ಲ ಎನ್ನುವುದಿಲ್ಲ. ‘ಆಗ್ಲಿ’ ಎಂದು ಎದ್ದರು. ತಡವಿಯೇ ಕಾರ್ಬೊರೇಟರ್ ಬಿಚ್ಚಿದರು, ಮುಂದಿನ ಬಾಗಿಲಿಗೆ ಬಾರದೆ ಸಂದಿಯ ಗೋಡೆ ಹಿಡಿದು ಬಚ್ಚಲಿಗೆ ತಂದರು. ಅಕ್ಕ ಕಾಫಿ ತರುವ ನೆಪದಲ್ಲಿ ಒಳಬಂದಳು. ಸೀರೆಯ ನೆರಿಗೆ ಎತ್ತಿ ಸಿಕ್ಕಿಸಿ, ಸೆರಗನ್ನು ಕುತ್ತಿಗೆಗೆ ಸುತ್ತಿ, ಕುಕ್ಕರುಗಾಲಲ್ಲಿ ಕೂತಳು. ಆಚೆ ಒಲೆಯ ಮೇಲೆ ಹಾಲು. ಅಮ್ಮ ನಡುವೆ ನಿಂತು ಒಮ್ಮೆ ಬೆಂಕಿಯನ್ನೂ ಒಮ್ಮೆ ಪೆಟ್ರೋಲನ್ನೂ ನೋಡುತ್ತ, ಬಚ್ಚಲ ಬಾಗಿಲು ಎಳೆದುಕೊಂಡು ಪಿಸುಗುಟ್ಟಿದಳು.

“ಸೀರೆಗೆ ತಾಗಿಸಿದ್ರೆ ನಾನೇ ನಿನ್ನ ಸುಟ್ಬಿಡ್ತೀನಿ.”

ಅಕ್ಕ ನಕ್ಕಳು. ಆ ನಗು ನನಗೆ ಚೆನ್ನಾಗಿ ನೆನಪಿದೆ, ಅಥವಾ ಅದನ್ನಾದರೂ ಉಳಿಸಿಕೊಳ್ಳಬೇಕೆಂದು ತೀರ್ಮಾನಿಸಿದ್ದೇನೆ. ಬಿಲ್ಲೆ ಬಿಚ್ಚಿ ಪೆಟ್ರೋಲಿಗೆ ಹಾಕಿ, ಕೈ ತೊಳೆದು, ನೆರಿಗೆ ಬಿಟ್ಟು, ಕಾಫಿಯ ತಟ್ಟೆ ಹಿಡಿದು ಮುಂದೆ ಹೋದಳು. ಹುಡುಗ ಒಳ್ಳೆಯವನಂತೆ ಕಂಡ. ತಲೆ ಎತ್ತದೆ ಟೈಲರಿಂಗ್ ಬರುತ್ತಾ ಎಂದು ಕೇಳಿದ. ಅವನ ತಾಯಿ ಅಕ್ಕನನ್ನು ಪಕ್ಕದಲ್ಲಿ ಕೂರಿಸಿಕೊಂಡು ಕೈ ಹಿಡಿದರು.

“ಏನಮ್ಮ, ಕೈ ಇಷ್ಟು ಒರಟು?”

“ಪಾತ್ರೆ ಎಲ್ಲ ಅವಳೇ ತಿಕ್ಕೋದು,” ಅಮ್ಮ ಎಲ್ಲಿಂದಲೋ ಹೇಳಿದಳು. “ಬೇಡ ಅಂದ್ರೂ ಕೇಳಲ್ಲ.”

“ನಮ್ಮನೇಲಿ ಕೆಲಸದವಳಿದಾಳೆ. ಇವಳು ಕೈ ಕಟ್ಕೊಂಡು ಕೂತಿದ್ರೆ ಸಾಕು.”

ಆಕೆ ಅದನ್ನು ಪ್ರೀತಿಯಿಂದಲೇ ಹೇಳಿದರು. ಅಕ್ಕ ತನ್ನ ಕೈಯನ್ನು ಮೆಲ್ಲಗೆ ಹಿಂದಕ್ಕೆ ತೆಗೆದುಕೊಂಡಳು. ಒಂದಿಷ್ಟು ಹೊತ್ತಿಗೆ ಗೋಪಾಲಪ್ಪನವರು ‘ಒಪ್ಪಿಗೆ ಅಂತ ತಿಳ್ಕೊಳ್ಳಿ’ ಎಂದರು. ತಾಂಬೂಲ ತರಲು ಅಕ್ಕನನ್ನು ಒಳಗೆ ಕಳಿಸಿದರು.

ಅವಳು ನೇರ ಬಚ್ಚಲಿಗೆ ಹೋದಳು. ನಾನು ಅಜ್ಜಿಯ ಹಾಸಿಗೆಯ ತುದಿಯಲ್ಲಿ ಕೂತಿದ್ದೆ. ಅಲ್ಲಿಂದ ಅವಳ ಬೆನ್ನು ಮಾತ್ರ ಕಾಣುತ್ತಿತ್ತು. ಬ್ರಷ್ಷಿನ ಸದ್ದು, ಬಟ್ಟೆಯ ಸದ್ದು. ಆಮೇಲೆ ಅವಳು ಕೊಳವೆ ಹಿಡಿದುಕೊಂಡು ನಡುಮನೆಗೆ ಬಂದು, ಬಚ್ಚಲ ಗವಾಕ್ಷಿಯ ಕಡೆಗೆ ತೋರಿಸಿದಳು. ಶಾಸ್ತ್ರವನ್ನು ಅವತ್ತೂ ಬಿಡಲಿಲ್ಲ.

“ಬೆಳಕು?”

“ಸುತ್ತಲೂ ಇದೆ,” ಎಂದೆ.

“ಹುಣ್ಣಿಮೆ ಕಣೇ,” ಅಜ್ಜಿ ಎಂದಳು.

ಇನ್ನು ಉಳಿದದ್ದು ಸ್ಕ್ರೂ ಬಿಗಿದು ಬಾಲ ಜಜ್ಜುವುದು. ಅಷ್ಟರಲ್ಲಿ ಮುಂದಿನ ಕೋಣೆಯಿಂದ ಕರೆ ಬಂತು, “ಹುಡುಗಿ ಎಲ್ಲಮ್ಮ? ಹೂ ಮುಡಿಸ್ಬೇಕು.” ಸಂದಿಯಿಂದ ಅಪ್ಪ ಬಂದು ಬಚ್ಚಲ ಬಾಗಿಲಲ್ಲಿ ಕೈ ಚಾಚಿದರು.

“ಆಯ್ತಾ?”

“ಹ್ಞೂಂ.”

ಇಲ್ಲಿಗೆ ನನ್ನ ನೆನಪು ನಿಂತುಹೋಗುತ್ತದೆ, ಸಿಗ್ನಲ್ಲಿನಲ್ಲಿ ನಿಂತ ಕಾರಿನಂತೆ. ಆ ಹ್ಞೂಂ ಕೆಲವು ಸಲ ಅಜ್ಜಿಯ ದನಿಯಲ್ಲಿ ಕೇಳಿಸುತ್ತದೆ. ಬೆಳಕು ನೋಡಿದ್ದಾಯಿತು ಎಂಬ ಅರ್ಥದಲ್ಲಿ ಅವಳು ಹೇಳಿದ್ದಿರಬಹುದು. ಕೆಲವು ಸಲ ಅದು ಅಕ್ಕನ ದನಿ. ಅಕ್ಕನಿಗಾದರೆ ಏನಾಗಿದೆ, ಏನಾಗಿಲ್ಲ ಎಂದು ಗೊತ್ತಿತ್ತು. ಸುತ್ತಿಗೆಯ ಸದ್ದು ಆ ಮಧ್ಯಾಹ್ನದಲ್ಲಿ ಎಲ್ಲಿಯೂ ಇಲ್ಲ. ನೆಂಟರು ಮುಂದೆ ಕೂತಿರುವಾಗ ಮದುವಣಗಿತ್ತಿ ಬಚ್ಚಲಲ್ಲಿ ಸುತ್ತಿಗೆ ಬಡಿಯುವ ಹಾಗಿರಲಿಲ್ಲ. ಅದು ಯಾವಾಗಲೂ ಅಪ್ಪನ ಕೆಲಸ, ಕಾರಿನ ಹತ್ತಿರ ಬಡಿದುಕೊಳ್ಳುತ್ತಾರೆ ಎಂದು ಅವಳು ತಿಳಿದಿರಬಹುದು. ಆಯ್ತು ಎಂದ ಮೇಲೆ ಎಲ್ಲ ಆಯಿತು ಎಂದು ಅಪ್ಪ ತಿಳಿದಿರಬಹುದು. ಒಂದು ಕೆಲಸವನ್ನು ಕದ್ದು ಇಬ್ಬರಾಗಿ ಮಾಡುವ ಮನೆಯಲ್ಲಿ ಮಾತ್ರ ಆಗುವ ತಪ್ಪು ಅದು. ಇಲ್ಲವೇ ಅದು ತಪ್ಪೇ ಅಲ್ಲ, ಬೇಕೆಂದೇ ಬಿಟ್ಟದ್ದು.

ಅಪ್ಪ ಕಾರ್ಬೊರೇಟರ್ ಕೂರಿಸಿ, ಕೇಬಲ್ ಸಿಕ್ಕಿಸಿದರು. ನಮಸ್ಕಾರಗಳಾದವು. ಹುಡುಗನೇ ಕಾರಿಗೆ ಕೂತ, ಪಕ್ಕದಲ್ಲಿ ಅವನ ತಾಯಿ, ಹಿಂದೆ ಗೋಪಾಲಪ್ಪನವರು. ಎಂಜಿನ್ನು ಶುರುವಾಯಿತು, ಇಂಪಾಗಿಯೇ ಇತ್ತು. ಅವನು ಪೆಡಲ್ ಒತ್ತಿ ಕಾರನ್ನು ಹೊರಡಿಸಿದ. ದನಿ ಏರಿತು, ಏರಿದ್ದು ಇಳಿಯಲಿಲ್ಲ. ಕಾಲು ತೆಗೆದರೂ ಅದು ಕಿರುಚುತ್ತಲೇ ಇತ್ತು. ಕಾರು ಮುಂದಕ್ಕೆ ಜಿಗಿದು ಎದುರು ಮನೆಯ ಗೋಡೆಗೋ ನಲ್ಲಿಕಟ್ಟೆಗೋ ಗುದ್ದಿ ನಿಂತಿತು. ಸಾಲಿಗಿಟ್ಟಿದ್ದ ಕೊಡಗಳು ಚಪ್ಪಟೆಯಾದವು. ಆ ತಾಯಿಯ ಹಣೆ ನೋಡುನೋಡುತ್ತಲೇ ನಿಂಬೆಹಣ್ಣಿನಷ್ಟು ಊದಿತು. ಗಲ್ಲಿಯೆಲ್ಲ ಬಂದು ನೆರೆಯಿತು. ಕನ್ನಡ, ತಮಿಳು, ದಖನಿ ಎಲ್ಲದರಲ್ಲೂ ಅಯ್ಯೋ. ಗೋಪಾಲಪ್ಪನವರು ಇಳಿದು ಕೂಗಿದರು.

“ಯಾರ್ರೀ ಇದನ್ನ ಜೋಡಿಸಿದ್ದು? ಯಾರು?”

ಅಕ್ಕ ಹೊಸ್ತಿಲಲ್ಲಿದ್ದಳು. ಅವಳ ತಲೆಯಲ್ಲಿ ಹುಡುಗನ ತಾಯಿ ಮುಡಿಸಿದ ಹೂವಿತ್ತು. ಅವಳು ಬಾಯಿ ತೆರೆದದ್ದನ್ನು ನಾನು ನೋಡಿದೆ. ಅಪ್ಪ ಅವಳಿಗಿಂತ ಮೊದಲು ಮಾತಾಡಿದರು. ದನಿ ಬಂದ ಕಡೆಗೆ ಮುಖ ಮಾಡಿದ್ದರು, ಆದರೆ ಸ್ವಲ್ಪ ತಪ್ಪಿ, ಪಕ್ಕದ ಕಂಬಕ್ಕೆ ಹೇಳುವಂತೆ ಹೇಳಿದರು.

“ನಾನೇ ಸ್ವಾಮಿ. ನಂಗೆ ಕಣ್ಣು ಕಾಣಲ್ಲ. ಕಾಣದೇ ಇರೋದು ಇವತ್ತಿನಿಂದಲ್ಲ. ಹೇಳ್ಬೇಕಿತ್ತು, ಹೇಳ್ಲಿಲ್ಲ.”

ಗೋಪಾಲಪ್ಪನವರು ಕಾರಿನ ಕಡೆ ತಿರುಗಿ ತಂಗಿಯನ್ನು ಕೈಹಿಡಿದು ಇಳಿಸಿಕೊಂಡರು. ಯಾರೋ ಒಬ್ಬಳು ತನ್ನ ಚಪ್ಪಟೆಯಾದ ಕೊಡವನ್ನು ಎತ್ತಿಕೊಂಡು ಸದ್ದಿಲ್ಲದೆ ಹೋದಳು. ಅಪ್ಪ ಮಗಳನ್ನು ಮುಚ್ಚಿಕೊಳ್ಳಲು ತಮ್ಮನ್ನು ಬಿಚ್ಚಿಟ್ಟರೋ, ತಮ್ಮ ಕೈಯೇ ತಪ್ಪಿತು ಎಂದು ನಿಜವಾಗಿ ನಂಬಿದ್ದರೋ ನನಗೆ ತಿಳಿಯದು. ಸಂಬಂಧ ಅಲ್ಲಿಗೆ ಮುಗಿಯಿತು. ಕಾರನ್ನು ಎಳೆದುಕೊಂಡು ಹೋದ ಬಷೀರ್ ಸಾಹೇಬರು ಒಂದೆರಡು ದಿನ ಬಿಟ್ಟು ಬರಿಗೈಯಲ್ಲಿ ಬಂದರು. ಮಣೆಯ ಪಕ್ಕ ನೆಲದ ಮೇಲೇ ಕೂತರು.

“ಭಾಯ್, ಸ್ಕ್ರೂ ಬಿಗಿನೇ ಆಗಿರಲಿಲ್ಲ. ಬಾಲಕ್ಕೆ ಸುತ್ತಿಗೆ ಬಿದ್ದಿಲ್ಲ. ಬಿಲ್ಲೆ ಓರೆಯಾಗಿ ಕಚ್ಕೊಂಡಿತ್ತು.”

“ಹ್ಞಾ,” ಅಪ್ಪ ಎಂದರು.

“ನಿಮ್ಮ ಕಣ್ಣಿಂದು ನಂಗೆ ಮೊದ್ಲೇ ಗೊತ್ತಿತ್ತು. ಕೆಲಸ ಯಾರು ಮಾಡ್ತಾರೆ ಅಂತಾನೂ ಗೊತ್ತಿತ್ತು. ಸುಮ್ನಿದ್ದೆ. ಈಗ ಎಲ್ರಿಗೂ ಗೊತ್ತಾಗೋಯ್ತಲ್ಲ ಭಾಯ್, ಗಿರಾಕಿಗಳು ಬೇಡ ಅಂತಾರೆ. ನಾನೇನ್ ಮಾಡ್ಲಿ?”

ಅಮ್ಮ ಅವರಿಗೆ ಚಹಾ ಕೊಟ್ಟಳು. ಅವರು ಕುಡಿದು, ಲೋಟವನ್ನು ತಾವೇ ತೊಳೆದಿಟ್ಟು ಹೋದರು. ಪರದೆಯ ಹಿಂದಿದ್ದ ಅಕ್ಕನಿಗೆ ಒಂದೊಂದು ಮಾತೂ ಕೇಳಿಸಿತ್ತು. ಆ ಸಂಜೆ ಅವಳು ತಟ್ಟೆಯ ಪೆಟ್ರೋಲನ್ನು ಡಬ್ಬಿಗೆ ಬಗ್ಗಿಸಿ, ತಟ್ಟೆಯನ್ನು ಬೂದಿ ಹಾಕಿ ಬೆಳಗಿ ಬೋರಲಾಗಿಟ್ಟಳು. ಮಾರನೆಯ ದಿನದಿಂದ ಅಮ್ಮ ಯಾರನ್ನೂ ಕೇಳದೆ ಒಲೆ ಹಚ್ಚಿದಳು. ನಮ್ಮ ಮನೆಯಲ್ಲಿ ಊಟ ಹೊತ್ತಿಗೆ ಸರಿಯಾಗಿ ಆಗತೊಡಗಿತು. ಅಷ್ಟು ರುಚಿಯಿಲ್ಲದ ಊಟವನ್ನು ನಾನು ಆಮೇಲೆ ಉಂಡಿಲ್ಲ. ಅಕ್ಕ ಗಾರ್ಮೆಂಟ್ಸ್ ಸೇರಿದಳು. ಕೆಲವು ವರ್ಷದ ಮೇಲೆ, ಅಪ್ಪ ತೀರಿಕೊಂಡ ನಂತರ, ಬೇರೆ ಕಡೆ ಮದುವೆಯಾಯಿತು. ಅವಳ ದುಡಿಮೆಯಲ್ಲಿ ನಾನು ಓದಿದೆ. ಅಪ್ಪ ಬದುಕಿರುವಷ್ಟು ದಿನ ಕಿಟಕಿಯ ಕೆಳಗೇ ಕೂರುತ್ತಿದ್ದರು, ಬೀದಿಯಲ್ಲಿ ಕಾರು ಹೋದರೆ ತಲೆ ಓರೆ ಮಾಡಿ ಕೇಳುತ್ತಿದ್ದರು. ‘ಮಸಿ ಹಿಡಿದಿದೆ’ ಎನ್ನುತ್ತಿದ್ದರು, ಯಾರಿಗೂ ಅಲ್ಲ. ಪರದೆಯ ಹಿಂದಿನಿಂದ ಯಾರೂ ಹೌದು ಎನ್ನುತ್ತಿರಲಿಲ್ಲ.

ಕಳೆದ ಭಾನುವಾರ ಬಾಣಸವಾಡಿಗೆ ಹೋಗಿದ್ದೆ. ಭಾವ ಊರಲ್ಲಿರಲಿಲ್ಲ. ಅಕ್ಕ ಅವರೆಕಾಳು ಹಿತುಕುತ್ತ ಕೂತಿದ್ದಳು, ನಾನೂ ಕೂತೆ. ಇಬ್ಬರ ಬೆನ್ನೂ ಈಗ ನೋಯುತ್ತದೆ. ಕಾರಿನ ಕಥೆ ಹೇಳಿ, ಮೆಕ್ಯಾನಿಕ್ ಕಳಿಸಿದ್ದ ಚಿತ್ರ ತೋರಿಸಿದೆ. ಅವಳು ಕೈ ಒರೆಸಿಕೊಂಡು ಫೋನು ತೆಗೆದುಕೊಂಡಳು. ಎರಡು ಬೆರಳಲ್ಲಿ ಚಿತ್ರವನ್ನು ದೊಡ್ಡದು ಮಾಡಿ, ಇನ್ನೂ ದೊಡ್ಡದು ಮಾಡಿ ನೋಡಿದಳು. ಅವಳ ಮುಖ ಹಾಗೆ ಬಿಗಿಯಾಗಿ, ಹಾಗೆ ಎಚ್ಚರವಾಗಿ ಇದ್ದದ್ದನ್ನು ನಾನು ಹಲಸೂರಿನ ನಂತರ ಕಂಡಿರಲಿಲ್ಲ.

“ಕೆಳಗಿನ ಅಂಚಲ್ಲೇ ಜಾಸ್ತಿ ಹಿಡಿದಿದೆ ನೋಡು. ಬ್ಲೇಡ್ ಹಾಕ್ಲಿಲ್ಲ ತಾನೇ ಅವನು?”

“ಇಲ್ಲ. ಬಟ್ಟೇಲಿ ಒರೆಸ್ದ. ಆಮೇಲೆ ಮತ್ತೆ ಕಲಿಸ್ಬೇಕು ಅಂದ, ಕಂಪ್ಯೂಟರಿಗೆ.”

“ಏನು ಕಲಿಸೋದು?”

“ಕೊಳೆ ಇದೆ ಅಂತ್ಲೇ ಅಭ್ಯಾಸ ಆಗಿರುತ್ತಂತೆ. ಈಗಿಲ್ಲ ಅಂತ.”

ಅಕ್ಕ ‘ಓ’ ಎಂದಳು. ಫೋನು ನನ್ನ ಕೈಗೆ ಕೊಟ್ಟಳು, ಮತ್ತೆ ಅವರೆಕಾಳಿಗೆ ಬಗ್ಗಿದಳು. ಅವಳ ಹೆಬ್ಬೆರಳ ಉಗುರಿನ ಬದಿಯಲ್ಲಿ ಈಗ ಯಾವ ಕಪ್ಪೂ ಇಲ್ಲ. ಕೇಳಬಾರದೆಂದು ಎಷ್ಟೋ ವರ್ಷ ಸುಮ್ಮನಿದ್ದವಳು ನಾನು. ಆ ಹ್ಞೂಂ ನನ್ನದೇ ಎಂದರೆ ಅಪ್ಪನ ಕೆಲಸ ಹೋದದ್ದು ಅವಳಿಂದ ಎಂದಾಗುತ್ತದೆ. ಅಲ್ಲ ಎಂದರೆ ಆ ಮದುವೆ ಅವಳಿಗೆ ಬೇಕಿತ್ತು, ಅದನ್ನು ಮುರಿದದ್ದು ಮನೆಯ ಗುಟ್ಟು ಎಂದಾಗುತ್ತದೆ. ಎರಡರಲ್ಲಿ ಯಾವುದು ಅವಳಿಗೆ ಹೆಚ್ಚು ಭಾರ ಎಂದು ನನಗೆ ಗೊತ್ತಿಲ್ಲ. ಆದರೆ ದಣಿವಿಗೂ ಒಂದು ಧೈರ್ಯವಿರುತ್ತದೆ.

“ಅಕ್ಕ, ಅವತ್ತು ಬಚ್ಚಲ ಬಾಗಿಲಲ್ಲಿ ಅಪ್ಪ ಆಯ್ತಾ ಅಂತ ಕೇಳಿದ್ರಲ್ಲ, ಹ್ಞೂಂ ಅಂದಿದ್ದು ಅಜ್ಜೀನಾ, ನೀನಾ?”

ಅವಳ ಬೆರಳು ನಿಂತಿತು. ಹೊರಗೆ ಸ್ಟೇಷನ್ನಿನ ಕಡೆಯಿಂದ ರೈಲೊಂದು ಕೂಗಿಕೊಂಡು ಬಂತು, ಹೋಯಿತು. ಅಕ್ಕ ಒಂದು ಕಾಳನ್ನು ಎತ್ತಿ, ಸಿಪ್ಪೆ ಬಿಡಿಸಿ, ಬೋಗುಣಿಗೆ ಹಾಕಿದಳು.